ಸಾವಿರಕ್ಕೆ ಒಬ್ಬರು: ತುಮಕೂರು, ಗುಬ್ಬಿ, ಕುಣಿಗಲ್‌ನಲ್ಲಿ ಭ್ರಮಾಜನಕಗಳ ಲೆಕ್ಕ

ದೇಶದಲ್ಲಿ 10ರಿಂದ 75 ವರ್ಷದೊಳಗಿನ ಒಂದು ಸಾವಿರ ಜನರನ್ನು ತೆಗೆದುಕೊಂಡರೆ, ಹಿಂದಿನ 12 ತಿಂಗಳಲ್ಲಿ ಒಮ್ಮೆಯಾದರೂ ಭ್ರಮಾಜನಕ ಸೇವಿಸಿದವರು 1.2 ಮಂದಿ. ಶೇಕಡಾವಾರು ಹೇಳುವುದಾದರೆ 0.12. ಕೇಂದ್ರ ಸಾಮಾಜಿಕ ನ್ಯಾಯ ಮತ್ತು ಸಬಲೀಕರಣ ಸಚಿವಾಲಯಕ್ಕಾಗಿ ದೆಹಲಿಯ ಏಮ್ಸ್ ಸಂಸ್ಥೆಯ ರಾಷ್ಟ್ರೀಯ ಮಾದಕವ್ಯಸನ ಚಿಕಿತ್ಸಾ ಕೇಂದ್ರ ನಡೆಸಿದ, 2019ರ ಫೆಬ್ರುವರಿಯಲ್ಲಿ ಪ್ರಕಟವಾದ ಸಮೀಕ್ಷೆಯ ಅಂಕಿ ಇದು. ನೋಟ, ಶಬ್ದ, ಕಾಲದ ಅರಿವನ್ನು ಕೆಲವು ಗಂಟೆಗಳ ಕಾಲ ಬದಲಿಸುವ ರಾಸಾಯನಿಕಗಳನ್ನು ಭ್ರಮಾಜನಕ ಎನ್ನುತ್ತಾರೆ. ‘ಸ್ಟ್ಯಾಂಪ್’ ಎಂಬ ಹೆಸರಿನಲ್ಲಿ ಕೈ ಬದಲಾಗುವ ಎಲ್‌ಎಸ್‌ಡಿ, ಕೆಲವು ಜಾತಿಯ ಅಣಬೆಗಳಲ್ಲಿರುವ ಸೈಲೊಸೈಬಿನ್ ಇದರಲ್ಲಿ ಮುಖ್ಯ.

ಅದೇ ಸಮೀಕ್ಷೆಯಲ್ಲಿ ಮದ್ಯ ಸೇವಿಸಿದವರು ಶೇ 14.6. ಭ್ರಮಾಜನಕ ಸೇವಿಸಿದ ಒಬ್ಬರಿಗೆ ಮದ್ಯ ಸೇವಿಸಿದವರು 122 ಮಂದಿ ಎಂದಾಯಿತು. ಗಾಂಜಾ, ಚರಸ್, ಭಂಗಿ ಸೇರಿ ಶೇ 2.8, ಅಫೀಮು, ಹೆರಾಯಿನ್ ಹಾಗೂ ಅದೇ ಗುಂಪಿನ ನೋವುನಿವಾರಕಗಳು ಶೇ 2.1, ನಿದ್ರಾಜನಕಗಳು ಶೇ 1.08, ಮೂಸುವ ದ್ರಾವಕಗಳು ಶೇ 0.7, ಆಂಫೆಟಮಿನ್ ಗುಂಪಿನ ಉತ್ತೇಜಕಗಳು ಶೇ 0.18. ಭ್ರಮಾಜನಕಗಳಿಗಿಂತ ಕೆಳಗಿರುವುದು ಕೊಕೇನ್ ಒಂದೇ, ಶೇ 0.10.

ಈ 0.12ನ್ನು ಮೂರು ಊರುಗಳಿಗೆ ಇಳಿಸಿ ನೋಡಬಹುದು. 2011ರ ಜನಗಣತಿಯಲ್ಲಿ ತುಮಕೂರು ನಗರದ ಜನಸಂಖ್ಯೆ 3.02 ಲಕ್ಷ, ಕುಣಿಗಲ್ ಪಟ್ಟಣದ್ದು ಸುಮಾರು 34 ಸಾವಿರ, ಗುಬ್ಬಿಯದ್ದು ಸುಮಾರು 18 ಸಾವಿರ. ಇವರಲ್ಲಿ ಸಮೀಕ್ಷೆಯ ವಯೋಮಿತಿಗೆ ಸೇರುವವರು ಶೇ 80 ಎಂದು ಹಿಡಿದರೆ ತುಮಕೂರು ನಗರಕ್ಕೆ 290, ಕುಣಿಗಲ್‌ಗೆ 33, ಗುಬ್ಬಿಗೆ 17 ಬರುತ್ತದೆ. 26.79 ಲಕ್ಷ ಜನರ ಇಡೀ ತುಮಕೂರು ಜಿಲ್ಲೆಗೆ ಸುಮಾರು 2,570. ಗುಬ್ಬಿಯಲ್ಲಿ 17 ಎಂದು ಬರೆದ ಮಾತ್ರಕ್ಕೆ ಅಲ್ಲಿ 17 ಜನ ಇದ್ದಾರೆ ಎಂದಲ್ಲ. ದೇಶದ ಸರಾಸರಿಯೇ ಗುಬ್ಬಿಯ ಸರಾಸರಿಯೂ ಆಗಿದ್ದರೆ ಎಷ್ಟಾಗುತ್ತಿತ್ತು ಎಂಬುದಷ್ಟೇ ಈ ಅಂಕಿಯ ಅರ್ಥ.

ಆ ಷರತ್ತು ಒಪ್ಪಿಕೊಂಡರೂ 17 ನಿಲ್ಲುವ ಅಂಕಿಯಲ್ಲ. ಇಷ್ಟು ಚಿಕ್ಕ ಸಂಖ್ಯೆಯಲ್ಲಿ ಬರೀ ಆಕಸ್ಮಿಕ ಏರಿಳಿತವೇ 9ರಿಂದ 25ರವರೆಗೆ ಹೋಗುತ್ತದೆ. ಒಂದು ವರ್ಷ 11, ಮರುವರ್ಷ 22 ಕಂಡರೆ ‘ಗುಬ್ಬಿಯಲ್ಲಿ ಬಳಕೆ ದುಪ್ಪಟ್ಟು’ ಎಂದು ಶೀರ್ಷಿಕೆ ಕೊಡಬಹುದು. ಊರಿನಲ್ಲಿ ಏನೂ ಬದಲಾಗದೆಯೂ ಆ ಎರಡು ಅಂಕಿಗಳು ಬರುವುದು ಸಾಧ್ಯ. ತುಮಕೂರು ನಗರದ 290ಕ್ಕೆ ಇದೇ ಏರಿಳಿತ ಸುಮಾರು 33. ಅಂದರೆ ಶೇ 12ರ ಒಳಗೆ.

ಸಮೀಕ್ಷೆಯ ಗಾತ್ರವನ್ನೂ ಇದೇ ದೃಷ್ಟಿಯಿಂದ ನೋಡಬೇಕು. 2017ರ ಡಿಸೆಂಬರ್‌ನಿಂದ 2018ರ ಅಕ್ಟೋಬರ್‌ವರೆಗೆ 186 ಜಿಲ್ಲೆಗಳ 2,00,111 ಮನೆಗಳಿಗೆ ಹೋಗಿ 4,73,569 ಜನರನ್ನು ಮಾತನಾಡಿಸಲಾಯಿತು. ಇದರ ಶೇ 0.12 ಎಂದರೆ ಸುಮಾರು 570 ಮಂದಿ. ಆಗಿನ 36 ರಾಜ್ಯ ಮತ್ತು ಕೇಂದ್ರಾಡಳಿತ ಪ್ರದೇಶಗಳಿಗೆ ಸಮವಾಗಿ ಹಂಚಿದರೆ ತಲಾ 16. ಜಿಲ್ಲೆಗೆ ಹಂಚಿದರೆ 3. ಮೂರು ಉತ್ತರಗಳಿಂದ ಒಂದು ಜಿಲ್ಲೆಯ ಶೇಕಡಾವಾರು ಕಟ್ಟಲಾಗದು. ದೇಶದ ಮಟ್ಟದಲ್ಲಿ ಅಂಕಿ ಗಟ್ಟಿ, ರಾಜ್ಯದ ಮಟ್ಟದಲ್ಲಿ ಸಡಿಲ, ಜಿಲ್ಲೆಯ ಮಟ್ಟದಲ್ಲಿ ಅಂಕಿಯೇ ಇಲ್ಲ.

ಬೇರೆ ಸಮೀಕ್ಷೆಗಳು ಈ ಜಾಗ ತುಂಬುವುದಿಲ್ಲ. ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆ ಕೇಳುವುದು ತಂಬಾಕು ಮತ್ತು ಮದ್ಯದ ಬಗ್ಗೆ. ಬೆಂಗಳೂರಿನ ನಿಮ್ಹಾನ್ಸ್ 2015–16ರಲ್ಲಿ ನಡೆಸಿದ ರಾಷ್ಟ್ರೀಯ ಮಾನಸಿಕ ಆರೋಗ್ಯ ಸಮೀಕ್ಷೆಯಲ್ಲಿ ತಂಬಾಕು, ಮದ್ಯ ಬಿಟ್ಟು ಉಳಿದ ಎಲ್ಲ ಮಾದಕಗಳಿಂದಾದ ತೊಂದರೆ ಒಟ್ಟಾಗಿ ಶೇ 0.6, ಭ್ರಮಾಜನಕಕ್ಕೆ ಪ್ರತ್ಯೇಕ ಸಾಲು ಬೇಕೆನ್ನುವವರಿಗೆ ಅದು ಉಪಯೋಗಕ್ಕೆ ಬಾರದು. ಅದರ ಪೂರ್ವಪರೀಕ್ಷೆ ಕೋಲಾರ ಜಿಲ್ಲೆಯಲ್ಲೇ ನಡೆದಿದ್ದರೂ ಮುಖ್ಯ ಸಮೀಕ್ಷೆಯ 12 ರಾಜ್ಯಗಳಲ್ಲಿ ಕರ್ನಾಟಕ ಇರಲಿಲ್ಲ.

ವಯಸ್ಸಿನ ಪ್ರಕಾರ ಬಿಡಿಸಿದಾಗ 18 ದಾಟಿದವರಲ್ಲಿ ಭ್ರಮಾಜನಕ ಬಳಕೆ ಶೇ 0.13, 10ರಿಂದ 17ರವರಲ್ಲಿ ಶೇ 0.07. ಮಕ್ಕಳಲ್ಲಿ ಬಳಕೆ ದೊಡ್ಡವರ ಅರ್ಧಕ್ಕಿಂತ ಸ್ವಲ್ಪ ಹೆಚ್ಚು. ಮೂಸುವ ದ್ರಾವಕಗಳಲ್ಲಿ ಈ ಕ್ರಮ ತಿರುಗಿಬಿದ್ದಿದೆ: ದೊಡ್ಡವರಲ್ಲಿ ಶೇ 0.58, ಮಕ್ಕಳಲ್ಲಿ ಶೇ 1.17. ಸಮೀಕ್ಷೆ ಎಣಿಸಿದ ಮಾದಕಗಳಲ್ಲಿ ದೊಡ್ಡವರಿಗಿಂತ ಮಕ್ಕಳಲ್ಲಿ ಹೆಚ್ಚಿರುವುದು ಇದೊಂದೇ. ಪಂಕ್ಚರ್ ಅಂಗಡಿಯ ಸಲ್ಯೂಷನ್, ವೈಟ್ನರ್, ಪೇಂಟಿಗೆ ಬೆರೆಸುವ ಥಿನ್ನರ್ ಈ ಪಟ್ಟಿಯಲ್ಲಿವೆ.

ಈ ಎರಡು ಸಾಲುಗಳನ್ನು ತುಮಕೂರು ನಗರಕ್ಕೆ ಇಳಿಸಿದರೆ ಅಂತರ ಸ್ಪಷ್ಟವಾಗುತ್ತದೆ. 10–17 ವಯಸ್ಸಿನವರ ಪಾಲು ಶೇ 13 ಎಂದಿಟ್ಟುಕೊಂಡರೆ ನಗರದಲ್ಲಿ ಅಂಥ ಮಕ್ಕಳು ಸುಮಾರು 39 ಸಾವಿರ. ರಾಷ್ಟ್ರೀಯ ಸರಾಸರಿಯಲ್ಲಿ ಅವರ ಪೈಕಿ ಭ್ರಮಾಜನಕದವರು 27, ದ್ರಾವಕ ಮೂಸುವವರು 460. ಶಾಲೆಗೆ ಬಂದು ಒಂದು ಗಂಟೆ ಮಾತನಾಡುವ ಅಧಿಕಾರಿ ಎಲ್‌ಎಸ್‌ಡಿಯ ಬಗ್ಗೆ 3 ನಿಮಿಷ ಹೇಳಿ ಉಳಿದ 57 ನಿಮಿಷವನ್ನು ಸಲ್ಯೂಷನ್‌ಗೆ ಕೊಟ್ಟರೆ ಸಮಯದ ಹಂಚಿಕೆ ಅಂಕಿಗೆ ಸರಿಹೊಂದುತ್ತದೆ.

ಕಾಲೇಜು ವಯಸ್ಸಿನವರ ಪ್ರತ್ಯೇಕ ಅಂಕಿಗೆ ಅಮೆರಿಕದ ಸಮೀಕ್ಷೆಯನ್ನು ನೋಡಬೇಕಾಗುತ್ತದೆ. ಅಲ್ಲಿ 12 ವರ್ಷ ದಾಟಿದವರಲ್ಲಿ ವರ್ಷದೊಳಗೆ ಭ್ರಮಾಜನಕ ಬಳಸಿದವರು 2021ರಲ್ಲಿ ಶೇ 2.6, ಅಂದರೆ 74 ಲಕ್ಷ. 18–25ರ ಗುಂಪಿನಲ್ಲಿ ಇದು ಶೇ 7.1, ಒಟ್ಟು ಸರಾಸರಿಯ 2.7 ಪಟ್ಟು. ಇದೇ ಅನುಪಾತ ಇಲ್ಲಿಯೂ ಇದೆ ಎಂದು ವಾದಕ್ಕಾಗಿ ಒಪ್ಪಿದರೆ 0.12 ಎಂಬುದು 0.33 ಆಗುತ್ತದೆ. ಸಾವಿರ ವಿದ್ಯಾರ್ಥಿಗಳ ಕಾಲೇಜಿಗೆ 3 ಮಂದಿ. ವಿಶ್ವವಿದ್ಯಾಲಯ, ಎಂಜಿನಿಯರಿಂಗ್ ಮತ್ತು ವೈದ್ಯಕೀಯ ಕಾಲೇಜುಗಳಿರುವ, ಬೆಂಗಳೂರಿನಿಂದ 70 ಕಿಲೋಮೀಟರ್ ದೂರದ ತುಮಕೂರಿನಲ್ಲಿ ಈ ವಯಸ್ಸಿನವರ ಪಾಲು ಗುಬ್ಬಿ, ಕುಣಿಗಲ್‌ಗಿಂತ ಹೆಚ್ಚಿರುವ ಸಾಧ್ಯತೆ ಇದೆ. ಹಾಗಿದ್ದರೆ ನಗರದ 290 ಮೇಲಕ್ಕೆ, ಪಟ್ಟಣಗಳ 33 ಮತ್ತು 17 ಕೆಳಕ್ಕೆ ಸರಿಯಬೇಕು. ಮನೆಮನೆ ಸಮೀಕ್ಷೆಯಲ್ಲಿ ಹಾಸ್ಟೆಲ್ ಮತ್ತು ಪಿಜಿಗಳಲ್ಲಿರುವವರು ಸಿಗುವುದು ಕಷ್ಟ. ಹೀಗಾಗಿ ನಗರದ ಅಂಕಿಯೇ ಹೆಚ್ಚು ತಗ್ಗಿರುವ ಸಂಭವವಿದೆ.

ಅಮೆರಿಕದ ಶೇ 2.6ನ್ನು ಭಾರತದ 0.12ರ ಪಕ್ಕಕ್ಕಿಟ್ಟು ‘ಅಲ್ಲಿ 22 ಪಟ್ಟು’ ಎನ್ನುವುದು ಸರಿಯಲ್ಲ. ಅಮೆರಿಕದ ಪಟ್ಟಿಯಲ್ಲಿ ಎಕ್ಸ್‌ಟಸಿ ಅಥವಾ ಎಂಡಿಎಂಎ, ಕೆಟಮಿನ್, ಪಿಸಿಪಿ ಸಹ ಭ್ರಮಾಜನಕಗಳೇ. ಎಂಡಿಎಂಎ ರಾಸಾಯನಿಕವಾಗಿ ಆಂಫೆಟಮಿನ್ ಕುಟುಂಬಕ್ಕೆ ಸೇರಿದ್ದು. ಆ ಗುಂಪಿಗೆ ನಮ್ಮ ಸಮೀಕ್ಷೆಯಲ್ಲಿ ಬೇರೆಯೇ ಸಾಲು ಇದೆ, ಶೇ 0.18. ಎರಡನ್ನೂ ಕೂಡಿಸಿದರೂ ನಮ್ಮದು ಶೇ 0.30 ದಾಟುವುದಿಲ್ಲ, ಅಂತರ 22 ಪಟ್ಟಿನಿಂದ ಸುಮಾರು 9 ಪಟ್ಟಿಗೆ ಇಳಿಯುತ್ತದೆ. ಕೂಡುವ ರೀತಿಯಿಂದಲೇ ಅಂತರದ ಅರ್ಧಕ್ಕಿಂತ ಹೆಚ್ಚು ಕರಗುತ್ತದೆ.

ವರ್ಷದಿಂದ ವರ್ಷಕ್ಕೆ ಆಗುವ ಬದಲಾವಣೆ ಹೇಳುವ ಸರಣಿ ಅಮೆರಿಕದ ಇನ್ನೊಂದು ಸಮೀಕ್ಷೆಯಲ್ಲಿದೆ. 19–30 ವಯಸ್ಸಿನವರಲ್ಲಿ ವರ್ಷದೊಳಗಿನ ಬಳಕೆ 2011ರಲ್ಲಿ ಶೇ 3, 2016ರಲ್ಲಿ 5, 2021ರಲ್ಲಿ 8, 2023ರಲ್ಲಿ 9. ಹನ್ನೆರಡು ವರ್ಷಗಳಲ್ಲಿ ಮೂರು ಪಟ್ಟು. 35–50ರವರಲ್ಲಿ 2012ರಲ್ಲಿ ಶೇ 1ಕ್ಕಿಂತ ಕಡಿಮೆ ಇದ್ದದ್ದು 2023ಕ್ಕೆ ಶೇ 4. ಮಧ್ಯವಯಸ್ಕರ ಏರಿಕೆಯ ವೇಗ ಯುವಕರದ್ದಕ್ಕಿಂತ ಹೆಚ್ಚು.

ಭಾರತದಲ್ಲಿ 2019ಕ್ಕೆ ಮೊದಲು ಇಂಥ ರಾಷ್ಟ್ರೀಯ ಸಮೀಕ್ಷೆಯ ವರದಿ ಬಂದದ್ದು 2004ರಲ್ಲಿ. ಅದರ ಮನೆಮನೆ ಭಾಗದಲ್ಲಿದ್ದವರು 12–60 ವಯಸ್ಸಿನ 40,697 ಗಂಡಸರು ಮಾತ್ರ. ಮದ್ಯ ಶೇ 21.4, ಗಾಂಜಾ ಗುಂಪು 3.0, ಅಫೀಮು ಗುಂಪು 0.7 ಎಂದಿತ್ತು. ಒಂದರಲ್ಲಿ ಹೆಂಗಸರಿಲ್ಲ, ಇನ್ನೊಂದರಲ್ಲಿದ್ದಾರೆ, ವಯೋಮಿತಿಯೂ ಬೇರೆ. ಈ ಎರಡು ಬಿಂದುಗಳ ನಡುವೆ ಗೆರೆ ಎಳೆಯಲಾಗದು. ‘ಕರ್ನಾಟಕದಲ್ಲಿ ಸ್ಟ್ಯಾಂಪ್ ಬಳಕೆ ಏರುತ್ತಿದೆ’ ಎನ್ನುವವರ ಕೈಯಲ್ಲಿರುವುದು ಪೊಲೀಸರು ವಶಪಡಿಸಿಕೊಂಡ ಮಾಲಿನ ಲೆಕ್ಕ. ಬಳಸುವವರ ಸಂಖ್ಯೆ ಅದರಿಂದ ತಿಳಿಯುವುದಿಲ್ಲ. ದಾಳಿ ಹೆಚ್ಚಿದ ವರ್ಷ ಮಾಲೂ ಹೆಚ್ಚು ಸಿಗುತ್ತದೆ.

ಗಂಡು–ಹೆಣ್ಣಿನ ಅಂತರ ಮದ್ಯಕ್ಕೂ ಭ್ರಮಾಜನಕಕ್ಕೂ ಒಂದೇ ಆಗಿರಬೇಕಿಲ್ಲ. ಭಾರತದಲ್ಲಿ ಮದ್ಯ ಸೇವಿಸುವ ಗಂಡಸರು ಶೇ 27.3, ಹೆಂಗಸರು ಶೇ 1.6, ಹದಿನೇಳಕ್ಕೆ ಒಂದು. ಅಮೆರಿಕದಲ್ಲಿ 2010ರ ದತ್ತಾಂಶದ ಪ್ರಕಾರ, 21–64 ವಯಸ್ಸಿನವರಲ್ಲಿ ಜೀವನದಲ್ಲಿ ಒಮ್ಮೆಯಾದರೂ ಎಲ್‌ಎಸ್‌ಡಿ, ಅಣಬೆಯಂಥವನ್ನು ಬಳಸಿದ ಗಂಡಸರು ಶೇ 22, ಹೆಂಗಸರು ಶೇ 12. ಎರಡಕ್ಕೆ ಒಂದೂ ಇಲ್ಲ. ಒಮ್ಮೆಯಾದರೂ ಬಳಸಿದವರ ಪಾಲು ಗರಿಷ್ಠ ಇದ್ದದ್ದು 30–34ರವರಲ್ಲಿ, ಶೇ 20.

ಕಾನೂನಿನಲ್ಲಿ ಪ್ರಮಾಣದ ಪ್ರಶ್ನೆ ಬಂದಾಗ ಈ ವಿಷಯದ ಅತಿ ಚಿಕ್ಕ ಅಂಕಿಗಳು ಅತಿ ದೊಡ್ಡ ಶಿಕ್ಷೆಗೆ ತಗಲಿಕೊಳ್ಳುತ್ತವೆ. ಮಾದಕವಸ್ತುಗಳನ್ನು ನಿಯಂತ್ರಿಸುವ 1985ರ ಎನ್‌ಡಿಪಿಎಸ್ ಕಾಯ್ದೆಯಡಿ 2001ರಲ್ಲಿ ಹೊರಡಿಸಿದ ಅಧಿಸೂಚನೆ ಪ್ರತಿ ಮಾದಕಕ್ಕೆ ಎರಡು ತೂಕ ಗೊತ್ತುಮಾಡಿದೆ. ‘ಅಲ್ಪ ಪ್ರಮಾಣ’ದೊಳಗಿದ್ದರೆ ಗರಿಷ್ಠ 1 ವರ್ಷ ಸಜೆ ಅಥವಾ 10 ಸಾವಿರ ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ‘ವಾಣಿಜ್ಯ ಪ್ರಮಾಣ’ ಮುಟ್ಟಿದರೆ 10ರಿಂದ 20 ವರ್ಷ ಸಜೆ, 1ರಿಂದ 2 ಲಕ್ಷ ರೂಪಾಯಿ ದಂಡ. ಗಾಂಜಾಕ್ಕೆ ಈ ಎರಡು ಗಡಿ 1 ಕಿಲೋ ಮತ್ತು 20 ಕಿಲೋ. ಎಂಡಿಎಂಎಗೆ ಅರ್ಧ ಗ್ರಾಂ ಮತ್ತು 10 ಗ್ರಾಂ. ಸೈಲೊಸೈಬಿನ್‌ಗೆ 2 ಗ್ರಾಂ ಮತ್ತು 50 ಗ್ರಾಂ. ಎಲ್‌ಎಸ್‌ಡಿಗೆ 2 ಮಿಲಿಗ್ರಾಂ ಮತ್ತು 100 ಮಿಲಿಗ್ರಾಂ.

ಎಲ್‌ಎಸ್‌ಡಿಯ ಒಂದು ಸಲದ ಪ್ರಮಾಣ ಸುಮಾರು 100 ಮೈಕ್ರೊಗ್ರಾಂ, ಅಂದರೆ ಮಿಲಿಗ್ರಾಮಿನ ಹತ್ತನೇ ಒಂದು ಭಾಗ. ಶುದ್ಧ ರಾಸಾಯನಿಕವನ್ನಷ್ಟೇ ತೂಗಿದರೆ ಅಲ್ಪ ಪ್ರಮಾಣದ ಗಡಿ 20 ಸಲದ್ದು, ವಾಣಿಜ್ಯ ಪ್ರಮಾಣದ ಗಡಿ 1,000 ಸಲದ್ದು. ಆದರೆ ಅದು ಸಿಗುವುದು ‘ಬ್ಲಾಟ್’ ಎಂಬ ಕಾಗದದ ಚೂರಿನಲ್ಲಿ, ಕಾಗದಕ್ಕೂ ತೂಕವಿದೆ. ಮಿಶ್ರಣದಲ್ಲಿರುವ ನಿರುಪದ್ರವಿ ವಸ್ತುವಿನ ತೂಕವನ್ನೂ ಸೇರಿಸಿಯೇ ಪ್ರಮಾಣ ನಿರ್ಧರಿಸಬೇಕು ಎಂದು ಸುಪ್ರೀಂ ಕೋರ್ಟ್ 2020ರ ಏಪ್ರಿಲ್‌ನಲ್ಲಿ ಹೀರಾ ಸಿಂಗ್ ಪ್ರಕರಣದಲ್ಲಿ ತೀರ್ಪು ನೀಡಿತು. 2023ರ ಜೂನ್‌ನಲ್ಲಿ 14,961 ಬ್ಲಾಟ್‌ಗಳನ್ನು ವಶಪಡಿಸಿಕೊಂಡ ಮಾದಕವಸ್ತು ನಿಯಂತ್ರಣ ಬ್ಯೂರೊ, ಇದು ವಾಣಿಜ್ಯ ಪ್ರಮಾಣದ ಎರಡೂವರೆ ಸಾವಿರ ಪಟ್ಟು ಎಂದಿತು. ಭಾಗಿಸಿ ನೋಡಿದರೆ ಬ್ಯೂರೊ ಲೆಕ್ಕದಲ್ಲಿ 6 ಬ್ಲಾಟ್‌ಗೆ 100 ಮಿಲಿಗ್ರಾಂ, ಒಂದು ಬ್ಲಾಟ್ ಸುಮಾರು 17 ಮಿಲಿಗ್ರಾಂ.

ಆ 6 ಬ್ಲಾಟ್‌ಗಳಲ್ಲಿರುವ ಎಲ್‌ಎಸ್‌ಡಿ, ಮೇಲೆ ಹೇಳಿದ ಪ್ರಮಾಣದಲ್ಲಿ, 0.6 ಮಿಲಿಗ್ರಾಂ. ರಾಸಾಯನಿಕ ತೂಗಿದರೆ ಅಲ್ಪ ಪ್ರಮಾಣದ ಮೂರನೇ ಒಂದು ಭಾಗವೂ ಇಲ್ಲ. ಕಾಗದ ಸೇರಿಸಿ ತೂಗಿದರೆ ವಾಣಿಜ್ಯ ಪ್ರಮಾಣ. ಗರಿಷ್ಠ 1 ವರ್ಷಕ್ಕೂ ಕನಿಷ್ಠ 10 ವರ್ಷಕ್ಕೂ ನಡುವೆ ಇರುವುದು 99 ಮಿಲಿಗ್ರಾಂ ಕಾಗದ. ಅಣಬೆಗೆ ಬೇರೆ ಲೆಕ್ಕ. 2025ರ ಜನವರಿಯಲ್ಲಿ ಜಾಮೀನು ಅರ್ಜಿಯೊಂದರಲ್ಲಿ ಕೇರಳ ಹೈಕೋರ್ಟ್, ಅಣಬೆ ಮಿಶ್ರಣವಲ್ಲ, ನಿಸರ್ಗದಲ್ಲಿ ಬೆಳೆಯುವ ಶಿಲೀಂಧ್ರ, ಅದರ ಇಡೀ ತೂಕವನ್ನು ಸೈಲೊಸೈಬಿನ್ ಎಂದು ಎಣಿಸಲಾಗದು ಎಂದಿತು. ಸೈಲೊಸೈಬಿನ್ ಅಂಶ ಶೇ 1 ಎಂದು ಹಿಡಿದರೆ 100 ಗ್ರಾಂ ಒಣ ಅಣಬೆಯಲ್ಲಿರುವುದು 1 ಗ್ರಾಂ, ಅದು ಅಲ್ಪ ಪ್ರಮಾಣದ ಒಳಗೇ. ನನ್ನ ಅಭಿಪ್ರಾಯದಲ್ಲಿ, ಬಳಸುವವರು ಸಾವಿರಕ್ಕೆ ಒಬ್ಬರಿರುವ ವಸ್ತುವಿನ ವಿಷಯದಲ್ಲಿ ಹದಿಹರೆಯದವರಿಗೆ ಮೊದಲು ತಿಳಿಸಬೇಕಾದದ್ದು ಈ ಕಾಗದದ ಲೆಕ್ಕವನ್ನೇ.

ಉಮ್ಮತ್ತಿ ಈ ಯಾವ ತೂಕಕ್ಕೂ ಸಿಗುವುದಿಲ್ಲ. ದತ್ತೂರಿ ಎಂದೂ ಕರೆಯುವ ಈ ಗಿಡ ಮೂರೂ ಊರುಗಳ ಬೇಲಿ ಸಾಲಿನಲ್ಲಿ ಬೆಳೆಯುತ್ತದೆ. ಬೀಜ ತಿಂದವರಿಗೆ ಭ್ರಮೆಯ ಜತೆ ಜ್ವರ, ಬಾಯಿ ಒಣಗುವುದು, ಎದೆಬಡಿತದ ಏರಿಕೆ, ಕೆಲವೊಮ್ಮೆ ಸಾವೂ ಬರುತ್ತದೆ. ಎನ್‌ಡಿಪಿಎಸ್ ಪಟ್ಟಿಯಲ್ಲಿ ಇದಿಲ್ಲ. ಇದನ್ನು ತಿಂದವರು ಆಸ್ಪತ್ರೆಯ ಪುಸ್ತಕಕ್ಕೆ ಮಾದಕ ಬಳಕೆದಾರರಾಗಿ ಸೇರದೆ ವಿಷಪ್ರಾಶನದ ಸಾಲಿಗೆ ಹೋಗುತ್ತಾರೆ.

ಹಾನಿಯ ಅಂದಾಜಿಗೆ 2010ರಲ್ಲಿ ‘ಲ್ಯಾನ್ಸೆಟ್’ ಪತ್ರಿಕೆಯಲ್ಲಿ ಪ್ರಕಟವಾದ ಬ್ರಿಟಿಷ್ ತಜ್ಞರ ಶ್ರೇಣಿಯೊಂದಿದೆ. ಬಳಸುವವರಿಗೂ ಸಮಾಜಕ್ಕೂ ಆಗುವ ಹಾನಿಗೆ 100ರವರೆಗೆ ಅಂಕ ಕೊಟ್ಟಾಗ ಮದ್ಯಕ್ಕೆ 72, ಎಲ್‌ಎಸ್‌ಡಿಗೆ 7, ಅಣಬೆಗೆ 6. ಸಮಾಜಕ್ಕಾಗುವ ಹಾನಿಯಲ್ಲಿ ಬಳಸುವವರ ಸಂಖ್ಯೆಯೂ ಸೇರಿರುವುದರಿಂದ, ಎಲ್‌ಎಸ್‌ಡಿ ಮದ್ಯಕ್ಕಿಂತ ಹತ್ತು ಪಟ್ಟು ಸುರಕ್ಷಿತ ಎಂದು ಇದನ್ನು ಓದಬಾರದು.

ಮದ್ಯದ ಅಂಕಿಗಳಿಗೆ ಸ್ಥಳೀಯ ಆಧಾರ ಹೆಚ್ಚು. 2019–21ರ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ ಕರ್ನಾಟಕದ 15 ದಾಟಿದ ಗಂಡಸರಲ್ಲಿ ಮದ್ಯ ಸೇವಿಸುವವರು ಶೇ 16.5, ಹೆಂಗಸರಲ್ಲಿ ಶೇ 0.9. ರಾಜ್ಯದ ಈ ಸರಾಸರಿಯನ್ನು ತುಮಕೂರು ನಗರಕ್ಕೆ ಹಚ್ಚಿದರೆ ಗಂಡಸರೇ 18 ಸಾವಿರಕ್ಕೂ ಹೆಚ್ಚು. ಭ್ರಮಾಜನಕದ 290ಕ್ಕೆ ಹೋಲಿಸಿದರೆ 60 ಪಟ್ಟಿಗೂ ಮಿಗಿಲು. ರಾಜ್ಯ ಬಜೆಟ್‌ನಲ್ಲಿ ಅಬಕಾರಿ ಆದಾಯದ ಅಂದಾಜು 2024–25ಕ್ಕೆ 38,525 ಕೋಟಿ ರೂಪಾಯಿ, 2025–26ಕ್ಕೆ 40,000 ಕೋಟಿ. ಏರಿಕೆ ಶೇ 3.8. ಮದ್ಯಕ್ಕೆ ದಾಸರಾದವರ ಪೈಕಿ ಯಾವುದಾದರೂ ಬಗೆಯ ಚಿಕಿತ್ಸೆ ಪಡೆದವರು 38ಕ್ಕೆ ಒಬ್ಬರು, ಕಾನೂನುಬಾಹಿರ ಮಾದಕಗಳಿಗೆ ದಾಸರಾದವರಲ್ಲಿ 20ಕ್ಕೆ ಒಬ್ಬರು ಎಂದು 2019ರ ಸಮೀಕ್ಷೆ ಹೇಳಿದೆ.

ಜಿಲ್ಲೆಗೆ ತನ್ನದೇ ಅಂಕಿ ಬೇಕೆಂದರೆ ಎಷ್ಟು ಖರ್ಚು? ಶೇ 14.6ರ ಆಸುಪಾಸಿನ ಒಂದು ಪ್ರಮಾಣವನ್ನು ಕಾಲುಭಾಗದಷ್ಟು ಹೆಚ್ಚುಕಡಿಮೆಯೊಳಗೆ ಹಿಡಿಯಲು, ಶೇ 95ರ ಭರವಸೆಗೆ, 360 ಜನರನ್ನು ಕೇಳಿದರೆ ಸಾಕು. 0.12ನ್ನು ಅದೇ ನಿಖರತೆಯಲ್ಲಿ ಹಿಡಿಯಲು ಸುಮಾರು 51 ಸಾವಿರ ಜನ ಬೇಕು. ಒಂದು ಸಂದರ್ಶನಕ್ಕೆ 300 ರೂಪಾಯಿ ಎಂದಿಟ್ಟುಕೊಂಡರೆ ಮೊದಲನೆಯದು 1.08 ಲಕ್ಷ, ಎರಡನೆಯದು 1.53 ಕೋಟಿ. ಅಗ್ಗದ ಸಮೀಕ್ಷೆಯೊಳಗೆ ಭ್ರಮಾಜನಕದ ಪ್ರಶ್ನೆಯೊಂದನ್ನು ತುರುಕಿದರೂ ಪ್ರಯೋಜನವಿಲ್ಲ. ಸಾವಿರ ಜನರನ್ನು ಕೇಳಿದಾಗಲೂ ಒಬ್ಬರೂ ಸಿಗದಿರುವ ಸಾಧ್ಯತೆ ಶೇ 30 ಇದೆ. ಆಗ ವರದಿಯಲ್ಲಿ ‘ಇಲ್ಲ’ ಎಂದು ಬರುತ್ತದೆ. ಇಬ್ಬರು ಸಿಕ್ಕರೆ ‘ರಾಷ್ಟ್ರೀಯ ಸರಾಸರಿಗಿಂತ ಹೆಚ್ಚು’ ಎಂದು ಬರುತ್ತದೆ.

ಖರ್ಚಿಲ್ಲದ ದಾರಿ ಆಸ್ಪತ್ರೆಯ ದಾಖಲೆ. ರೋಗಗಳ ಅಂತರರಾಷ್ಟ್ರೀಯ ವರ್ಗೀಕರಣದ ಹತ್ತನೇ ಆವೃತ್ತಿಯಲ್ಲಿ ಮದ್ಯಕ್ಕೆ ಎಫ್10, ಭ್ರಮಾಜನಕಕ್ಕೆ ಎಫ್16, ಮೂಸುವ ದ್ರಾವಕಕ್ಕೆ ಎಫ್18 ಎಂಬ ಸಂಕೇತಗಳಿವೆ. ತುಮಕೂರಿನ ಜಿಲ್ಲಾ ಆಸ್ಪತ್ರೆ, ಗುಬ್ಬಿ ಮತ್ತು ಕುಣಿಗಲ್‌ನ ತಾಲ್ಲೂಕು ಆಸ್ಪತ್ರೆಗಳ ವಾರ್ಷಿಕ ಎಣಿಕೆಯನ್ನು ಈ ಮೂರು ಸಾಲುಗಳಲ್ಲಿ ಬರೆದರೆ ಹೋಲಿಸಲು ಸರಣಿಯೊಂದು ಹುಟ್ಟುತ್ತದೆ. ಇಪ್ಪತ್ತಕ್ಕೆ ಒಬ್ಬರು ಚಿಕಿತ್ಸೆಗೆ ಬರುತ್ತಾರೆ ಎಂಬ ಅನುಪಾತ ದಾಸರಾದವರದ್ದು. ಅದನ್ನು ಎಲ್ಲ ಬಳಕೆದಾರರಿಗೂ ಹಚ್ಚಿದರೆ ಬರುವುದು ಗರಿಷ್ಠ ಅಂದಾಜು. ಆ ಗರಿಷ್ಠದಲ್ಲೂ ಎಫ್16ರ ಎದುರು ನಗರಕ್ಕೆ ವರ್ಷಕ್ಕೆ 14 ಅಥವಾ 15, ಕುಣಿಗಲ್ ಪಟ್ಟಣಕ್ಕೆ 1 ಅಥವಾ 2, ಗುಬ್ಬಿ ಪಟ್ಟಣಕ್ಕೆ ಒಂದೂ ಪೂರ್ತಿ ಇಲ್ಲ. ಗುಬ್ಬಿಯ ಪುಸ್ತಕದಲ್ಲಿ ಸೊನ್ನೆ ಕಂಡರೆ ಅದು ನಿರೀಕ್ಷಿತ ಅಂಕಿ. ಒಂದೇ ವರ್ಷದಲ್ಲಿ 5 ಕಂಡರೆ ಆಗ ಹುಡುಕಲು ಕಾರಣ ಸಿಗುತ್ತದೆ.